ಒಂದು ಜಿಬಿಪಿಎಸ್ ತಗೊಂಡರೆ ಎಷ್ಟು ಮನೆಗೆ ಹಂಚಬಹುದು?

ತಾಲ್ಲೂಕಿನಲ್ಲಿ ಫೈಬರ್ ಇಂಟರ್ನೆಟ್ ಶುರು ಮಾಡಬೇಕು ಅಂತಿದ್ದೀರಿ. ಒಂದು ಜಿಬಿಪಿಎಸ್‌ಗೆ (ಸೆಕೆಂಡಿಗೆ ನೂರು ಕೋಟಿ ಬಿಟ್ ಸಾಗಿಸುವ ಲೈನಿಗೆ) ಎಷ್ಟು ಮನೆ, ಸ್ವಂತ ಲೈಸೆನ್ಸಾ ಅಥವಾ ದೊಡ್ಡ ಕಂಪನಿಯ ಫ್ರಾಂಚೈಸಿನಾ ಅಂತ ಕೇಳಿದ್ದೀರಿ. 1999ರಲ್ಲಿ ನಾನೂ ಇದೇ ಪ್ರಶ್ನೆ ಹಿಡಿದುಕೊಂಡು ಕಂಡಕಂಡವರ ಹತ್ತಿರ ಓಡಾಡಿದ್ದೆ. ಆಗ ಜಿಬಿಪಿಎಸ್ ಬದಲು 64 ಕೆಬಿಪಿಎಸ್ (ಸೆಕೆಂಡಿಗೆ 64 ಸಾವಿರ ಬಿಟ್), ಮನೆಗಳ ಬದಲು ಮೋಡೆಮ್, ಅಂದರೆ ಫೋನ್ ಲೈನಿನಲ್ಲಿ ಕಂಪ್ಯೂಟರುಗಳನ್ನು ಮಾತಾಡಿಸುವ ಡಬ್ಬ. "ಒಂದು ಮೋಡೆಮ್‌ಗೆ ಎಷ್ಟು ಗಿರಾಕಿ?" ಹತ್ತು ಅಂದರು. ಹತ್ತೇ ಹಾಕಿದೆ. ಆ ಲೆಕ್ಕದಿಂದ ನಾನು ಮುಳುಗಲಿಲ್ಲ. ಮುಳುಗಿಸಿದ್ದು ಬೇರೆ ಒಂದು ಸಣ್ಣ ವಿಷಯ. ಅದನ್ನು ಹೇಳುತ್ತೇನೆ, ಸ್ವಲ್ಪ ಉದ್ದ ಆಗುತ್ತೆ.

ನಮ್ಮಲ್ಲಿ ಸಾಮಾನ್ಯ ಜನರಿಗೆ ಇಂಟರ್ನೆಟ್ ಬಂದದ್ದು 1995ರ ಆಗಸ್ಟ್ 15ರಂದು, ಸರ್ಕಾರಿ ಕಂಪನಿ ವಿಎಸ್‌ಎನ್‌ಎಲ್ ಮೂಲಕ. ಮೂರು ವರ್ಷಕ್ಕೂ ಜಾಸ್ತಿ ಅವರದ್ದೇ ರಾಜ್ಯ. ಶಿವಮೊಗ್ಗದಲ್ಲಿ ನನಗೆ ಗೊತ್ತಿದ್ದ ಒಂದಿಬ್ಬರು ಬೆಂಗಳೂರಿಗೆ ಎಸ್‌ಟಿಡಿ ಮಾಡಿ ಮೇಲ್ ನೋಡುತ್ತಿದ್ದರು. ಫೋನ್ ಬಿಲ್ಲನ್ನು ಮನೆಯವರಿಗೆ ಕಾಣದ ಹಾಗೆ ಇಡುತ್ತಿದ್ದರು. 1998ರ ನವೆಂಬರಿನಲ್ಲಿ ಸರ್ಕಾರ ಖಾಸಗಿಯವರಿಗೂ ಬಾಗಿಲು ತೆರೆಯಿತು. ಲೈಸೆನ್ಸಿಗೆ ಮೂರು ದರ್ಜೆ. ಎ ಅಂದರೆ ಇಡೀ ದೇಶ. ಬಿ ಅಂದರೆ ಒಂದು ಟೆಲಿಕಾಂ ಸರ್ಕಲ್ (ಹೆಚ್ಚುಕಮ್ಮಿ ಒಂದು ರಾಜ್ಯ) ಅಥವಾ ದೊಡ್ಡ ನಗರ. ಸಿ ಅಂದರೆ ಒಂದು ಎಸ್‌ಎಸ್‌ಎ, ಹೆಚ್ಚುಕಮ್ಮಿ ಒಂದು ಜಿಲ್ಲೆ. ಸಿ ದರ್ಜೆಗೆ 3 ಲಕ್ಷದ ಬ್ಯಾಂಕ್ ಗ್ಯಾರಂಟಿ. ಮೊದಲ ಐದು ವರ್ಷ ಲೈಸೆನ್ಸ್ ಶುಲ್ಕವೇ ಇಲ್ಲ, ಆಮೇಲೆ ವರ್ಷಕ್ಕೆ ಒಂದು ರೂಪಾಯಿ. ಒಂದು ರೂಪಾಯಿ! ಅದನ್ನು ಪೇಪರಿನಲ್ಲಿ ಓದಿದ ದಿನ ನನಗೂ ನಮ್ಮ ಭಾವನಿಗೂ ತಲೆ ತಿರುಗಿತು. ಆ ವರ್ಷ ಅಡಿಕೆಗೆ ಒಳ್ಳೆಯ ಧಾರಣೆ ಇತ್ತು. ಅಪ್ಪ ತೋಟದ ದುಡ್ಡು ಕೊಟ್ಟರು. "ಅದು ಟಿವಿ ಥರದ್ದಾ?" ಅಂತ ಒಂದೇ ಮಾತು ಕೇಳಿದರು. ಹೌದು ಅಂದೆ.

ದುರ್ಗಿಗುಡಿಯಲ್ಲಿ ಒಂದು ಸೀರೆ ಅಂಗಡಿ, ಅದರ ಮೇಲಿನ ಮಹಡಿಯಲ್ಲಿ ನಮ್ಮ ರೂಮು. ಒಳಗೆ 30 ಫೋನ್ ಲೈನ್, ಕಬ್ಬಿಣದ ಸ್ಟ್ಯಾಂಡಿನ ಮೇಲೆ 30 ಮೋಡೆಮ್, ಎರಡು ಕಂಪ್ಯೂಟರ್, ಬೆಂಗಳೂರಿಗೆ 64 ಕೆಬಿಪಿಎಸ್ ಲೀಸ್ಡ್ ಲೈನ್, ಅಂದರೆ ನಮಗೊಬ್ಬರಿಗೇ ಅಂತ ಬಾಡಿಗೆಗೆ ಹಿಡಿದ ಲೈನ್. ಸರ್ವರ್‌ಗೆ ಹಾಕಿದ್ದು ಪಿಸಿ ಕ್ವೆಸ್ಟ್ ಪತ್ರಿಕೆ ಜೊತೆ ಬಂದ ಲಿನಕ್ಸ್ ಸಿಡಿ. ಆ 64 ಅಂದರೆ ಸೆಕೆಂಡಿಗೆ 8 ಕಿಲೋಬೈಟ್. ನಿಮ್ಮ ಫೋನಿನಲ್ಲಿ ಇವತ್ತು ಒಂದು ಫೋಟೋ ಕಳಿಸಿದರೆ ನಮ್ಮ ಇಡೀ ಊರಿನ ಇಂಟರ್ನೆಟ್ ಐದಾರು ನಿಮಿಷ ನಿಂತುಬಿಡುತ್ತಿತ್ತು. ಒಬ್ಬರು ನೋಡಿದ ಪುಟವನ್ನು ಸ್ಕ್ವಿಡ್ ಅನ್ನೋ ಪ್ರಾಕ್ಸಿ ಎತ್ತಿಟ್ಟುಕೊಂಡು ಇನ್ನೊಬ್ಬರಿಗೂ ಅದನ್ನೇ ಬಡಿಸುತ್ತಿತ್ತು, ಹಾಗಾಗಿ ಹೇಗೋ ನಡೆಯಿತು.

ಇನ್ನೊಂದು ಪೆದ್ದುತನವನ್ನೂ ಹೇಳಿಬಿಡುತ್ತೇನೆ. ಜಾಸ್ತಿ ದುಡ್ಡು ಕೊಟ್ಟು ನಮ್ಮ ಕಡೆಗೂ 56ಕೆ ಮೋಡೆಮ್‌ಗಳನ್ನೇ ತಂದಿದ್ದೆವು. ಬೋರ್ಡಿನಲ್ಲಿ ದೊಡ್ಡದಾಗಿ "56ಕೆ ವೇಗ" ಅಂತ ಬರೆಸಿಯೂ ಆಗಿತ್ತು. ಆದರೆ 56ಕೆ ಸಿಗಬೇಕಾದರೆ ಸೇವೆ ಕೊಡುವವನ ಕಡೆಯ ಲೈನು ಡಿಜಿಟಲ್ ಆಗಿರಬೇಕು. ಎರಡೂ ಕಡೆ ಮಾಮೂಲಿ ತಾಮ್ರದ ಲೈನ್ ಇದ್ದರೆ 33.6ರ ಮೇಲೆ ಒಂದು ಹೆಜ್ಜೆಯೂ ಹೋಗಲ್ಲ. ಇದು ನಮಗೆ ಗೊತ್ತಾಗಿದ್ದು ಬೋರ್ಡ್ ನೇತುಹಾಕಿದ ಮೇಲೆ. ಗಿರಾಕಿಗಳು ಬಂದು "ನಮ್ಮಲ್ಲಿ 31,200 ಅಂತ ತೋರಿಸುತ್ತೆ" ಅಂದರೆ "ಲೈನಿನ ಗಲಾಟೆ ಸರ್" ಅನ್ನುತ್ತಿದ್ದೆ. ಅದರಿಂದ ಮರ್ಯಾದೆ ಹೋಯಿತು, ದುಡ್ಡು ಹೋಗಲಿಲ್ಲ. ಬಿಡಿ.

ಈಗ ನಿಜವಾದ ತಪ್ಪಿಗೆ ಬರುತ್ತೇನೆ. ಅದು ಶುರುವಾದದ್ದು ಸದ್ದಿನಿಂದ.

ಮೋಡೆಮ್ ಕೂಗುವುದನ್ನು ನೀವು ಕೇಳಿದ್ದೀರೋ ಇಲ್ಲವೋ. ಕರೆ ಬಂದ ತಕ್ಷಣ ಈ ಕಡೆಯದ್ದು ಲೈನ್ ಎತ್ತಿ ಕೀ ಅನ್ನುತ್ತೆ. ಆ ಕಡೆಯದ್ದು ಉತ್ತರ ಕೊಡುತ್ತೆ. ಆಮೇಲೆ ಎರಡೂ ಸೇರಿ ಹಂಚಿನ ಮೇಲೆ ಮಳೆ ಸುರಿದ ಹಾಗೆ ಒಂದಷ್ಟು ಹೊತ್ತು ಕೆರೆದಾಡಿ ಸುಮ್ಮನಾಗುತ್ತವೆ. ಸುಮ್ಮನಾದರೆ ಕೂಡಿಕೊಂಡವು ಅಂತ ಅರ್ಥ. ಮೂವತ್ತು ಮೋಡೆಮ್ ಒಂದೇ ರೂಮಿನಲ್ಲಿ ಹೀಗೆ ಕೂಗಿದರೆ ಹೇಗಿರುತ್ತೆ ಯೋಚಿಸಿ. ಮೊದಲ ಮೂರು ತಿಂಗಳಲ್ಲಿ ನನಗೆ ಅವುಗಳ ಗುರುತು ಕಿವಿಯಲ್ಲೇ ಹತ್ತಿತ್ತು. ಯಾವುದು ಕೂಡಿತು, ಯಾವುದು ಕೂಡದೆ ಲೈನ್ ಕಡಿಯಿತು ಅಂತ ಊಟ ಮಾಡುತ್ತಲೇ ಹೇಳುತ್ತಿದ್ದೆ. ಕೆಳಗಿನ ಸೀರೆ ಅಂಗಡಿಯವರಿಗೆ ತಡೆಯಲಿಲ್ಲ. "ಮೇಲೆ ಏನು ಕೋಳಿ ಸಾಕಿದ್ದೀರಾ?" ಅಂದರು. ಸರಿ ಅಂತ ಎಲ್ಲ ಮೋಡೆಮ್‌ಗೂ ಎಟಿ ಎಂ ಸೊನ್ನೆ ಅನ್ನೋ ಆದೇಶ ಹಾಕಿ ಸ್ಪೀಕರ್ ಬಂದ್ ಮಾಡಿದೆ. ರೂಮು ದೇವಸ್ಥಾನದ ಹಾಗೆ ಶಾಂತವಾಯಿತು. ಅದೇ ವಾರ ಡಿಸ್ಕ್ ತುಂಬುತ್ತಿದೆ ಅಂತ ಇನ್ನೊಂದು ಕೆಲಸ ಮಾಡಿದೆ. ಪ್ರತಿ ಮೋಡೆಮ್ ಲೈನ್ ಎತ್ತಿದ್ದನ್ನು, ಬಿಟ್ಟಿದ್ದನ್ನು ಬರೆದಿಡುವ ಒಂದು ಲಾಗ್ ಇತ್ತು. ಅದನ್ನೂ ನಿಲ್ಲಿಸಿದೆ. ಯಾರು ಲಾಗಿನ್ ಆದರು, ಎಷ್ಟು ಹೊತ್ತು ಇದ್ದರು ಅನ್ನುವ ರೇಡಿಯಸ್ ಲಾಗ್ ಇದ್ದೇ ಇತ್ತಲ್ಲ, ಬಿಲ್ಲಿಗೆ ಅಷ್ಟು ಸಾಕು ಅಂದುಕೊಂಡೆ.

2000ದ ಮೇ. ಮಲೆನಾಡಿನ ಸಿಡಿಲು ಗೊತ್ತಲ್ಲ, ಮುಂಗಾರಿಗೆ ಮುಂಚಿನದ್ದು. ಒಂದು ಸಂಜೆ ಎಲ್ಲೋ ಹತ್ತಿರದಲ್ಲೇ ಬಡಿಯಿತು. ನಾಲ್ಕು ಮೋಡೆಮ್ ಸುಟ್ಟ ವಾಸನೆ ಬಂತು. ಬೆಳಗ್ಗೆ ನಾಲ್ಕನ್ನೂ ಬದಲಾಯಿಸಿದೆ. ಉಳಿದ 26ರ ದೀಪ ಉರಿಯುತ್ತಿತ್ತು. ಆಯಿತು ಅಂದುಕೊಂಡೆ.

ಮರುವಾರದಿಂದ ಬಳಕೆ ಇಳಿಯಿತು. ಸಂಜೆ ಹೊತ್ತು 28 ಜನ ಇರುತ್ತಿದ್ದದ್ದು 20 ಆಯಿತು. ಬೆಳಗಿನ ಹೊತ್ತಿನಲ್ಲಿ ಬಹುತೇಕ ಯಾರೂ ಇಲ್ಲ. ಮದುವೆ ಸೀಸನ್, ಮಕ್ಕಳಿಗೆ ರಜೆ, ಜನ ಊರಿಗೆ ಹೋಗಿದ್ದಾರೆ ಅಂತ ಕಾರಣ ಕಟ್ಟಿಕೊಂಡೆ. ಜೂನ್ ಬಂದರೂ ಏರಲಿಲ್ಲ. ಆಗ ಭಾವ ಹೇಳಿದ: "ಹತ್ತು ಲೈನ್ ಖಾಲಿ ಬಿದ್ದಿದೆ, ಮಾರೋಣ." ಆ ವರ್ಷ ಎಲ್ಲ ಕಡೆ ದರ ಇಳಿಯುತ್ತಿತ್ತು, ಪುಕ್ಕಟೆ ಇಂಟರ್ನೆಟ್ ಕೊಡುವವರೂ ಹುಟ್ಟಿಕೊಂಡಿದ್ದರು. ನಾವೂ ವರ್ಷದ ಪ್ಯಾಕ್ 1,200 ರೂಪಾಯಿಗೆ ಇಳಿಸಿದೆವು. 300 ಗಿರಾಕಿ ಇದ್ದಲ್ಲಿಗೆ ಇನ್ನೂ 220 ಜನ ಸೇರಿದರು. ಎರಡು ಲಕ್ಷದ ಅರವತ್ತನಾಲ್ಕು ಸಾವಿರ, ಪೂರ್ತಿ ಮುಂಗಡ. ಅದನ್ನು ತಿಂಗಳೊಳಗೆ ಲೀಸ್ಡ್ ಲೈನ್ ದೊಡ್ಡದು ಮಾಡೋಕೆ ಸುರಿದೆವು.

ಆಗಸ್ಟಿನಲ್ಲಿ ಒಬ್ಬರು ಮೇಷ್ಟ್ರು ಬಂದರು. ನಿವೃತ್ತರು, ಮಗ ಅಮೆರಿಕದಲ್ಲಿ. ಮಳೆಯಲ್ಲಿ ಕೊಡೆ ಮಡಚಿ ಬಾಗಿಲ ಹೊರಗೆ ಒರಗಿಸಿ, ಶರ್ಟಿನ ಒಳಗಿನಿಂದ ಪ್ಲಾಸ್ಟಿಕ್ ಚೀಲ ತೆಗೆದು, ಅದರೊಳಗಿನಿಂದ 100 ಪುಟದ ನೋಟ್‌ಬುಕ್ ತೆಗೆದರು. ಗೆರೆ ಎಳೆದು ನಾಲ್ಕು ಕಾಲಂ ಮಾಡಿದ್ದರು. ತಾರೀಕು, ಹೊತ್ತು, ಎಷ್ಟನೇ ಸಲ, ಏನಾಯಿತು. ಕೊನೆಯ ಕಾಲಂನಲ್ಲಿ ಸಾಲುಸಾಲಾಗಿ ಒಂದೇ ಮಾತು: "ಕೂಗಿತು, ಕಡಿಯಿತು." 61 ಸಲ. "ಪ್ರತಿ ಸಲ ನಿನ್ನ ಮಿಷನ್ನು ಫೋನ್ ಎತ್ತುತ್ತೆ ಮಾರಾಯ. ಎತ್ತಿದ ಮೇಲೆ ನನಗೆ ಒಂದು ಕಾಲ್ ಬಿತ್ತು. ಒಂದು ರೂಪಾಯಿ ಇಪ್ಪತ್ತು ಪೈಸೆ. 73 ರೂಪಾಯಿ 20 ಪೈಸೆ ಆಗಿದೆ" ಅಂದರು. ಕೊಡೋಣ ಸರ್ ಅಂತ ಡ್ರಾಯರ್ ಎಳೆದೆ. ಆಗ ಅವರು ಹೇಳಿದ ಮಾತು ಇದು:

"ದುಡ್ಡು ಇರಲಿ. ನನಗೆ ಅರ್ಥ ಆಗದ್ದು ಒಂದೇ. ನೀನು ಬಿಜಿ ಇರೋ ಹೊತ್ತಲ್ಲಿ, ಸಂಜೆ ಎಂಟಕ್ಕೆ, ನಾಲ್ಕರಲ್ಲಿ ಮೂರು ಸಲ ಸಿಗ್ತೀಯ. ಬೆಳಗ್ಗೆ ಐದಕ್ಕೆ, ಯಾರೂ ಇಲ್ಲದಾಗ, ಒಂದು ಸಲವೂ ಸಿಗಲ್ಲ. ಇದು ಉಲ್ಟಾ ಅಲ್ವಾ?"

ನಾನು ಡ್ರಾಯರ್ ಹಾಗೇ ಬಿಟ್ಟೆ.

ಇಲ್ಲಿ ಸ್ವಲ್ಪ ಬಿಡಿಸಿ ಹೇಳಬೇಕು. ನಮ್ಮ 30 ಲೈನಿಗೂ ಊರಿಗೆ ಗೊತ್ತಿದ್ದ ನಂಬರ್ ಒಂದೇ. ಆ ನಂಬರಿಗೆ ಕರೆ ಬಂದರೆ ಎಕ್ಸ್‌ಚೇಂಜ್ ಮೊದಲ ಲೈನ್ ಖಾಲಿ ಇದೆಯಾ ನೋಡುತ್ತೆ. ಖಾಲಿ ಇದ್ದರೆ ಅಲ್ಲಿಗೇ ಕೊಡುತ್ತೆ. ಇಲ್ಲದಿದ್ದರೆ ಎರಡನೆಯದ್ದು, ಅದೂ ಇಲ್ಲದಿದ್ದರೆ ಮೂರನೆಯದ್ದು. ಇದಕ್ಕೆ ಹಂಟಿಂಗ್ ಅನ್ನುತ್ತಾರೆ. ಈಗ ಮೊದಲ ಲೈನಿನ ಮೋಡೆಮ್ ಪೂರ್ತಿ ಸಾಯದೆ ಅರ್ಧ ಸತ್ತಿದೆ ಅಂದುಕೊಳ್ಳಿ. ಕರೆ ಬಂದರೆ ಎತ್ತುತ್ತೆ. ಕೀ ಅನ್ನುತ್ತೆ. ಆದರೆ ಮುಂದಿನ ಮಾತು ಬರಲ್ಲ. ಮುಕ್ಕಾಲು ನಿಮಿಷ ಒದ್ದಾಡಿ ಕಡಿಯುತ್ತೆ. ಕಡಿದ ತಕ್ಷಣ ಎಕ್ಸ್‌ಚೇಂಜ್ ಕಣ್ಣಿಗೆ ಮೊದಲ ಲೈನ್ ಮತ್ತೆ ಖಾಲಿ! ಮುಂದಿನ ಕರೆಯೂ ಅಲ್ಲಿಗೇ. ಒಳ್ಳೆಯ ಮೋಡೆಮ್ ಸಿಕ್ಕಿದವನು ಒಂದು ಗಂಟೆ ಕೂತು ಲೈನ್ ಹಿಡಿದುಕೊಳ್ಳುತ್ತಾನೆ. ಕೆಟ್ಟ ಮೋಡೆಮ್ ಮಾತ್ರ ನಿಮಿಷಕ್ಕೊಮ್ಮೆ ಬಿಡುವಾಗಿ, ಬಾಗಿಲಲ್ಲೇ ನಿಂತು ಬಂದವರನ್ನೆಲ್ಲ ಕರೆದು ವಾಪಸ್ ಕಳಿಸುತ್ತೆ. 29 ಒಳ್ಳೆಯ ಮೋಡೆಮ್ ಹಿಂದೆ ಸುಮ್ನೆ ಕೂತಿರುತ್ತವೆ.

ಸಂಜೆ ಯಾಕೆ ಪರವಾಗಿಲ್ಲ? ಒಬ್ಬ ಆ ಕೆಟ್ಟದ್ದರ ಜೊತೆ ಒದ್ದಾಡುತ್ತಿರುವಾಗ ಇನ್ನೊಬ್ಬ ಫೋನ್ ಮಾಡಿದರೆ, ಮೊದಲ ಲೈನ್ ಎಂಗೇಜ್ ಇರುತ್ತೆ, ಅವನು ದಾಟಿಕೊಂಡು ಮುಂದೆ ಹೋಗುತ್ತಾನೆ. ಅಂದರೆ ಒಬ್ಬ ಬಿದ್ದರೆ ಇನ್ನೊಬ್ಬನಿಗೆ ದಾರಿ. ಬೆಳಗ್ಗೆ ಐದಕ್ಕೆ ಮೇಷ್ಟ್ರು ಒಬ್ಬರೇ. ಅವರಿಗೋಸ್ಕರ ಬೀಳುವವರು ಯಾರೂ ಇಲ್ಲ.

ಆ ಮೋಡೆಮ್ ಎಲ್ಲಿತ್ತು ಗೊತ್ತಾ? ಸ್ಟ್ಯಾಂಡಿನ ಕೆಳಗಿನ ತಟ್ಟೆಯಲ್ಲಿ, ಯುಪಿಎಸ್ ಬ್ಯಾಟರಿಯ ಹಿಂದೆ. ಬಗ್ಗಿ ನೋಡಿದರೆ ಮಾತ್ರ ಕಾಣುತ್ತೆ. ನಾನು ದಿನಾ ನೋಡುತ್ತಿದ್ದ ವರದಿಯಲ್ಲಿ ಗಿರಾಕಿಯ ಹೆಸರಿನ ಪ್ರಕಾರ ಸಾಲು ಇರುತ್ತಿತ್ತು. ಮೇಷ್ಟ್ರನ್ನು ಕೂರಿಸಿ, ಅದೇ ಲಾಗನ್ನು ಮೊದಲ ಸಲ ಪೋರ್ಟ್ ಪ್ರಕಾರ, ಅಂದರೆ ಯಾವ ಮೋಡೆಮ್ ಮೂಲಕ ಬಂದರು ಅನ್ನುವ ಪ್ರಕಾರ, ಜೋಡಿಸಿದೆ. ಮೊದಲನೆಯ ಪೋರ್ಟ್ ಎಲ್ಲಕ್ಕಿಂತ ಜಾಸ್ತಿ ದುಡಿಯಬೇಕಾದದ್ದು. ಮೇ ತಿಂಗಳ ಆ ಸಂಜೆಯಿಂದ ಅದರ ಮುಂದೆ ಸೊನ್ನೆ. ಮೂರು ತಿಂಗಳು, ಒಂದೂ ಲಾಗಿನ್ ಇಲ್ಲ.

ರೇಡಿಯಸ್ ಲಾಗ್ ಸುಳ್ಳು ಹೇಳಿರಲಿಲ್ಲ. ಒಳಗೆ ಬಂದವರ ಲೆಕ್ಕ ಸರಿಯಾಗಿಯೇ ಕೊಟ್ಟಿತ್ತು. ಬಾಗಿಲಲ್ಲಿ ನಿಂತು ವಾಪಸ್ ಹೋದವರ ಲೆಕ್ಕ ಅದರಲ್ಲಿ ಇರೋಕೆ ಸಾಧ್ಯವೇ ಇಲ್ಲ. ಅದನ್ನು ಹೇಳುತ್ತಿದ್ದದ್ದು ಎರಡೇ: ಆ ಇನ್ನೊಂದು ಲಾಗ್ ಮತ್ತು ಆ ಕೀರಲು ಸದ್ದು. ಎರಡನ್ನೂ ನನ್ನ ಕೈಯಾರೆ ಬಂದ್ ಮಾಡಿದ್ದೆ. ಮತ್ತೆ ನಾನು? ನಾನು ಆಫೀಸಿನ ಒಳಗಿನ ಕೇಬಲ್‌ನಲ್ಲಿ ಇಂಟರ್ನೆಟ್ ನೋಡುತ್ತಿದ್ದೆ. ಮನೆಯಲ್ಲಿ ಕಂಪ್ಯೂಟರ್ ಇರಲಿಲ್ಲ. ಇಂಟರ್ನೆಟ್ ಮಾರುವ ನಾನು ಶುರು ಮಾಡಿದ ಮೊದಲ ವಾರ ಬಿಟ್ಟರೆ ಒಂದೂವರೆ ವರ್ಷದಲ್ಲಿ ಹೊರಗಿನಿಂದ ಒಂದು ಸಲವೂ ನಮ್ಮ ನಂಬರಿಗೆ ಡಯಲ್ ಮಾಡಿ ನೋಡಿರಲಿಲ್ಲ. ಇದನ್ನು ಎಷ್ಟು ಸಲ ಹೇಳಿದರೂ ನನಗೆ ಸಮಾಧಾನ ಆಗಲ್ಲ.

ಗಾಬರಿಯಲ್ಲಿ ಮೋಡೆಮ್‌ನ ವೈರ್ ಕಿತ್ತೆ. ಅದೂ ತಪ್ಪೇ. ಅರ್ಧ ಗಂಟೆಯಲ್ಲಿ "ರಿಂಗ್ ಆಗುತ್ತೆ, ಯಾರೂ ಎತ್ತಲ್ಲ" ಅಂತ ಫೋನ್ ಬಂತು. ವೈರ್ ಕಿತ್ತರೆ ಎಕ್ಸ್‌ಚೇಂಜಿಗೆ ಆ ಲೈನ್ ಇನ್ನೂ ಖಾಲಿಯೇ, ಕರೆ ಅಲ್ಲಿಗೇ ಹೋಗಿ ಸುಮ್ನೆ ರಿಂಗಾಗುತ್ತೆ. ದಾರಿ ಹೇಳಿಕೊಟ್ಟದ್ದು ನಮ್ಮ ಲೈನ್‌ಮನ್. ಮನೆಯಿಂದ ಹಳೇ ಕೆಂಪು ಫೋನ್ ತಂದು ಆ ಲೈನಿಗೆ ಸಿಕ್ಕಿಸಿ, ರಿಸೀವರ್ ಎತ್ತಿ ಪಕ್ಕಕ್ಕೆ ಮಲಗಿಸಿದರು. "ಈಗ ಎಂಗೇಜ್. ದಾಟಿಕೊಂಡು ಹೋಗ್ತಾವೆ ಬಿಡಿ" ಅಂದರು. ಹೊಸ ಮೋಡೆಮ್ ಬರುವ ತನಕ ಹನ್ನೊಂದು ದಿನ ಆ ರಿಸೀವರ್ ಹಾಗೇ ಮಲಗಿತ್ತು.

ಕಥೆ ಇಲ್ಲಿಗೆ ಸುಖವಾಗಿ ಮುಗಿಯಬೇಕಿತ್ತು. ಮುಗಿಯಲಿಲ್ಲ. ಬಾಗಿಲು ಸರಿಯಾದ ವಾರದಲ್ಲೇ ಜನ ನುಗ್ಗಿದರು. ಹಳೆಯ 300, ಹೊಸ 220. ಆಗ ತಿಳಿಯಿತು, ಖಾಲಿ ಅಂತ ನಾವು ಮಾರಿದ ಹತ್ತು ಲೈನ್ ಗಿರಾಕಿ ಇಲ್ಲದೆ ಖಾಲಿ ಬಿದ್ದಿರಲಿಲ್ಲ, ಬಾಗಿಲು ಕೆಟ್ಟು ಖಾಲಿ ಬಿದ್ದಿತ್ತು. ಸಂಜೆ ಏಳರಿಂದ ರಾತ್ರಿ ಹನ್ನೆರಡರ ತನಕ 30 ಲೈನೂ ಎಂಗೇಜ್. ಹೊಸ ಲೈನ್ ಬೇಕು ಅಂದರೆ ತಿಂಗಳುಗಟ್ಟಲೆ ಕಾಯಬೇಕು. ದುಡ್ಡು ವಾಪಸ್ ಕೊಡಿ ಅಂತ ಜನ ಮೆಟ್ಟಿಲು ಹತ್ತಿದರು. ಕೊಡೋಕೆ ದುಡ್ಡು ಇರಲಿಲ್ಲ, ಲೀಸ್ಡ್ ಲೈನಿಗೆ ಹೋಗಿತ್ತು. ಹೊತ್ತಿಗೆ ಸರಿಯಾಗಿ ಅಡಿಕೆ ಧಾರಣೆಯೂ ಬಿತ್ತು. ಸುಮಾರು 140 ಜನರಿಗೆ ಕಂತಿನಲ್ಲಿ ವಾಪಸ್ ಕೊಟ್ಟೆ, ಕೊನೆಯ ಕಂತು 2003ರಲ್ಲಿ. ಅಷ್ಟರಲ್ಲಿ ಅಂಗಡಿ ಮುಚ್ಚಿ ಒಂದು ವರ್ಷ ಆಗಿತ್ತು. ಭಾವ ಈಗಲೂ ಮಾತಾಡುತ್ತಾನೆ, ಆದರೆ ವ್ಯವಹಾರದ ಮಾತು ಬಿಟ್ಟು.

ಈಗ ನಿಮ್ಮ ಪ್ರಶ್ನೆ. ಒಂದು ಜಿಬಿಪಿಎಸ್‌ಗೆ ಎಷ್ಟು ಮನೆ ಅಂತ ಮೊದಲೇ ಒಂದು ಅಂಕಿ ಹಿಡಿದುಕೊಂಡು ಕೂರುವುದು ನನ್ನ ಪ್ರಕಾರ ತಪ್ಪು. ಯಾರು ಎಷ್ಟೇ ಹೇಳಲಿ, ಅದು ಅವರ ಊರಿನ ಅಂಕಿ. ರಾತ್ರಿ ಎಂಟರಿಂದ ಹನ್ನೊಂದರ ತನಕ ನಿಮ್ಮ ಲೈನ್ 70% ಮುಟ್ಟಿತಾ, ಇನ್ನಷ್ಟು ತಗೊಳ್ಳಿ, ಅಷ್ಟೇ. ಬ್ಯಾಂಡ್‌ವಿಡ್ತ್ ದುಡ್ಡು ಕೊಟ್ಟರೆ ಸಿಗುತ್ತೆ. ಆದರೆ ಬಳಕೆ ಇಳಿದರೆ "ಜಾಗ ಖಾಲಿ ಇದೆ" ಅಂತ ಮಾತ್ರ ಓದಬೇಡಿ. ಅವತ್ತೇ ಹೊರಗೆ ಹೋಗಿ ಹತ್ತು ಮನೆ ಬಾಗಿಲು ತಟ್ಟಿ. ದೂರು ಕೊಟ್ಟವರ ಮನೆ ಬೇಡ, ಅವರು ಹೇಗೂ ಹೇಳುತ್ತಾರೆ. ಸುಮ್ಮನಿರುವವರ ಮನೆಗೆ ಹೋಗಿ. ನಿಮ್ಮ ಯಂತ್ರ ನಮ್ಮದಕ್ಕಿಂತ ಸಾವಿರ ಪಾಲು ಜಾಣ, ಒಪ್ಪಿದೆ. ಯಾವ ಮನೆಯ ಡಬ್ಬ ಕರೆಂಟ್ ಹೋಗಿ ಆಫ್ ಆಯಿತು, ಯಾವುದು ಫೈಬರ್ ಕಡಿದು ಸತ್ತಿತು ಅಂತ ಬೇರೆಬೇರೆಯಾಗಿ ಹೇಳುತ್ತೆ. ಆದರೆ ಡಬ್ಬದಲ್ಲಿ ಹಸಿರು ದೀಪ ಇದ್ದೂ ಒಳಗಿನ ಕೋಣೆಯಲ್ಲಿ ವೈಫೈ ಸಿಗದೆ ಮಗು ಕ್ಲಾಸ್ ತಪ್ಪಿಸಿಕೊಂಡರೆ, ಅದು ನಿಮ್ಮ ಪರದೆಯಲ್ಲಿ ಹಸಿರಾಗಿಯೇ ಇರುತ್ತೆ.

ಮತ್ತೆ ವರ್ಷದ ಮುಂಗಡ ತಗೋಬೇಡಿ. ಎಲ್ಲರೂ ತಗೋತಾರೆ ಅಂತ ನನಗೆ ಗೊತ್ತು. ರಿಯಾಯಿತಿ ಕೊಟ್ಟು ಒಟ್ಟಿಗೆ ದುಡ್ಡು ಎಳೆದರೆ ಆ ತಿಂಗಳು ಚೆನ್ನಾಗಿ ಕಾಣುತ್ತೆ. ತಿಂಗಳ ದುಡ್ಡು ಕೊಡುವವನು ಸೇವೆ ಸರಿ ಇಲ್ಲದಿದ್ದರೆ ಮುಂದಿನ ತಿಂಗಳು ಬಿಟ್ಟು ಹೋಗುತ್ತಾನೆ, ನಿಮಗೆ ಮೂವತ್ತು ದಿನದಲ್ಲಿ ಗೊತ್ತಾಗುತ್ತೆ. ವರ್ಷದ ದುಡ್ಡು ಕೊಟ್ಟವನು ಹಲ್ಲು ಕಚ್ಚಿಕೊಂಡು ಸುಮ್ಮನಿರುತ್ತಾನೆ. ನನ್ನ 300 ಜನರಲ್ಲಿ ನೋಟ್‌ಬುಕ್ ಹಿಡಿದು ಬಂದದ್ದು ಒಬ್ಬರೇ.

ಲೈಸೆನ್ಸಾ ಫ್ರಾಂಚೈಸಿನಾ? ನಾನಾಗಿದ್ದರೆ ಮೊದಲ ಒಂದು ವರ್ಷ ಫ್ರಾಂಚೈಸಿ. ಬಿಲ್ಲಿನಲ್ಲಿ ಯಾರ ಹೆಸರಿದ್ದರೂ ಜನ ಬೈಯುವುದು ಊರಿನಲ್ಲಿರುವ ನಿಮ್ಮನ್ನೇ. ಇದರ ಬಗ್ಗೆ ನನಗೆ ಇದಕ್ಕಿಂತ ಜಾಸ್ತಿ ಅಭಿಪ್ರಾಯ ಇಲ್ಲ. ಮೊದಲ ಕನೆಕ್ಷನ್ ಮಾತ್ರ ಪೇಟೆ ಮಧ್ಯದ ಅಂಗಡಿಗೆ ಕೊಡಬೇಡಿ. ನಿಮ್ಮ ಕೇಬಲ್ ಮುಗಿಯುವ ಕಡೆಯ ಮನೆ ಯಾವುದು ನೋಡಿ. ಅಲ್ಲಿ ಬೆಳಗ್ಗೆ ಐದಕ್ಕೆ ಏಳುವ ಹಿರಿಯರು ಯಾರಾದರೂ ಇದ್ದಾರಾ ವಿಚಾರಿಸಿ. ಇದ್ದರೆ ಅವರಿಗೆ ಪುಕ್ಕಟೆಯಾಗಿ ಕೊಡಿ, ಜೊತೆಗೆ ಒಂದು ನೋಟ್‌ಬುಕ್ಕನ್ನೂ.